ಹಳೆಯ ಪಿಎಸ್3 ಪದೇ ಪದೇ ಹ್ಯಾಂಗ್ ಆಗುತ್ತಿದೆಯೇ? ಬಿಚ್ಚುವ ಮೊದಲು ಇಷ್ಟು ಮಾಡಿ

ನಮ್ಮ ಮನೆ ಕೊಡಗಿನ ನಾಪೋಕ್ಲು ಕಡೆ, ಕಾಫಿ ತೋಟದ ಒಳಗೆ. ಕರೆಂಟು ಲೈನು ಸಿಲ್ವರ್ ಓಕ್ ಮರಗಳ ನಡುವೆ ಹಾದು ಬರುತ್ತದೆ. ಜೂನ್ ಬಂತೆಂದರೆ ಯಾವ ಕೊಂಬೆ ಯಾವಾಗ ಲೈನಿನ ಮೇಲೆ ಬೀಳುತ್ತದೋ ಹೇಳಲಾಗದು. ಈ ಮನೆಯಲ್ಲಿ ಒಂದು ಪಿಎಸ್3 ಸ್ಲಿಮ್ ಇದೆ, ಅಂದರೆ ಟಿವಿಗೆ ಹಾಕಿ ಆಡುವ ಪ್ಲೇಸ್ಟೇಷನ್ 3 ಗೇಮ್ ಕನ್ಸೋಲಿನ ತೆಳು ಮಾಡೆಲ್. ಅಣ್ಣ ಬೆಂಗಳೂರಿಗೆ ಕೆಲಸಕ್ಕೆ ಹೋಗುವಾಗ ನನಗೆ ಬಿಟ್ಟು ಹೋದದ್ದು. ನಾವಿಬ್ಬರೂ ಸೇರಿ ಆಡಿದ ಎಷ್ಟೋ ವರ್ಷದ ಸೇವ್‌ಗಳು, ಅಂದರೆ ಆಟ ಎಲ್ಲಿಗೆ ಬಂದಿತ್ತು ಅಂತ ಉಳಿಸಿಟ್ಟ ಫೈಲುಗಳು, ಅದರಲ್ಲಿದ್ದವು.

ಒಂದು ಮಳೆಗಾಲದಲ್ಲಿ ಅದು ಹ್ಯಾಂಗ್ ಆಗಲು ಶುರುವಾಯಿತು. ರಿಪೇರಿಗೆ ಕೊಟ್ಟೆ. ಅಂಗಡಿಯವರು ನನ್ನನ್ನು ಒಂದು ಮಾತೂ ಕೇಳದೆ ಫಾರ್ಮ್ಯಾಟ್ ಮಾಡಿ ವಾಪಸ್ ಕೊಟ್ಟರು. ಸೇವ್‌ಗಳೆಲ್ಲ ಹೋದವು. ಎರಡೇ ದಿನಕ್ಕೆ ಮತ್ತೆ ಹ್ಯಾಂಗ್. ತೊಂದರೆ ಬೇರೆಲ್ಲೋ ಇತ್ತು. ಆ ಬೇಸರ ಇನ್ನೂ ಹೋಗಿಲ್ಲ. ಅದಕ್ಕೇ ಇದನ್ನು ಬರೆಯುತ್ತಿದ್ದೇನೆ. ಆಮೇಲೆ ನಮ್ಮ ನೆಂಟರ ಮನೆಗಳ ಕನ್ಸೋಲ್‌ಗಳನ್ನೂ ನೋಡಿದ್ದೇನೆ. ಕೊಡಗಿನಲ್ಲಿ ಕನ್ಸೋಲ್ ಹ್ಯಾಂಗ್ ಆದರೆ ಮೊದಲು ನೋಡಬೇಕಾದದ್ದು ಕರೆಂಟು ಮತ್ತು ತಂಡಿ. ಕನ್ಸೋಲಿನ ಒಳಗಿನ ಸಂಗತಿ ಆಮೇಲೆ. ಇದು ನನ್ನ ಖಚಿತ ಅಭಿಪ್ರಾಯ.

ಪಿಎಸ್3 ಮೊದಲು ಬಂದದ್ದು 2006ರಲ್ಲಿ. ಸ್ಲಿಮ್ ಬಂದದ್ದು 2009ರಲ್ಲಿ, ಸೂಪರ್ ಸ್ಲಿಮ್ 2012ರಲ್ಲಿ. ಅಂದರೆ ಈಗ ಮನೆಗಳಲ್ಲಿರುವ ಬಹುತೇಕ ಕನ್ಸೋಲ್‌ಗಳಿಗೆ ಹತ್ತು ವರ್ಷ ದಾಟಿದೆ. ಚಿಪ್ಪಿನ ಬಿಸಿಯನ್ನು ಹೊರಗೆ ದಾಟಿಸುವ ಥರ್ಮಲ್ ಪೇಸ್ಟ್ ಒಣಗಿರುತ್ತದೆ, ಹಾರ್ಡ್ ಡಿಸ್ಕ್ ದಣಿದಿರುತ್ತದೆ. ಆದರೂ ನೋಡಿಕೊಂಡರೆ ಚೆನ್ನಾಗಿಯೇ ಓಡುತ್ತದೆ.

ಯಾವಾಗ ನಿಲ್ಲುತ್ತದೆ, ಬರೆದಿಡಿ

ಒಂದು ವಾರ ಏನನ್ನೂ ಮುಟ್ಟಬೇಡಿ. ಟಿವಿ ಪಕ್ಕ ಒಂದು ಹಾಳೆ ಇಡಿ. ಪ್ರತಿ ಸಲ ಹ್ಯಾಂಗ್ ಆದಾಗ ನಾಲ್ಕು ವಿಷಯ ಬರೆಯಿರಿ: ಗಂಟೆ ಎಷ್ಟು, ಯಾವ ಗೇಮ್, ಆನ್ ಮಾಡಿ ಎಷ್ಟು ಹೊತ್ತಾಗಿತ್ತು, ಆ ಕ್ಷಣ ಮನೆಯಲ್ಲಿ ಬೇರೆ ಏನಾಯಿತು. ಕೊನೆಯದನ್ನು ಬಿಡಬೇಡಿ. ಲೈಟು ಮಂಕಾಯಿತಾ, ಮೋಟರ್ ಹಾಕಿದರಾ, ಮಳೆ ಜೋರಿತ್ತಾ, ಎಲ್ಲವನ್ನೂ ಬರೆಯಿರಿ.

ನಿಜವಾಗಿ ಹ್ಯಾಂಗ್ ಆಗಿದೆಯಾ ಅಂತಲೂ ನೋಡಿಕೊಳ್ಳಿ. ಹಾಡು ಕೇಳುತ್ತಿದೆ, ಚಿತ್ರವೂ ಓಡುತ್ತಿದೆ, ಆದರೆ ಒತ್ತಿದ್ದಕ್ಕೆ ಏನೂ ಆಗುತ್ತಿಲ್ಲ ಅಂದರೆ ಅದು ಕಂಟ್ರೋಲರ್ ತೊಂದರೆ. ಅದರ ಬ್ಯಾಟರಿ ಮುಗಿದಿರಬಹುದು. ಯುಎಸ್‌ಬಿ ಕೇಬಲ್ ಹಾಕಿ ಪಿಎಸ್ ಬಟನ್ ಒತ್ತಿ. ಚಿತ್ರ ಮಾತ್ರ ಮಾಯವಾಗಿ ಸದ್ದು ಬರುತ್ತಿದ್ದರೆ ಎಚ್‌ಡಿಎಂಐ ಕೇಬಲ್ ಬದಲಿಸಿ ನೋಡಿ. ಸದ್ದು ಒಂದೇ ಕಡೆ ಸಿಕ್ಕಿಕೊಂಡು ಗೊರಗುಟ್ಟಿದರೆ, ಚಿತ್ರ ಕದಲದೆ ನಿಂತರೆ, ಅದು ನಿಜವಾದ ಹ್ಯಾಂಗ್.

ಹಾಗೆ ನಿಂತಾಗ ಗೋಡೆಯ ಸ್ವಿಚ್ ಆರಿಸಬೇಡಿ. ಮೊದಲು ಕಂಟ್ರೋಲರಿನ ಪಿಎಸ್ ಬಟನ್ ಹಿಡಿದು ನೋಡಿ. ಆಗದಿದ್ದರೆ ಕನ್ಸೋಲಿನ ಮುಂದಿನ ಪವರ್ ಬಟನ್ ಅದಾಗಿಯೇ ಆರುವವರೆಗೆ ಒತ್ತಿ ಹಿಡಿಯಿರಿ. ಅದಕ್ಕೂ ಬಗ್ಗದಿದ್ದರೆ ಮಾತ್ರ ಪ್ಲಗ್ ಕೀಳಿ.

ವಾರದ ಹಾಳೆ ಬಹಳಷ್ಟು ಹೇಳುತ್ತದೆ. ಯಾವ ಗೇಮ್ ಹಾಕಿದರೂ ಅರ್ಧ ಗಂಟೆ, ಮುಕ್ಕಾಲು ಗಂಟೆಗೆ ನಿಲ್ಲುತ್ತಿದ್ದರೆ ಬಿಸಿ. ಒಂದೇ ಗೇಮಿನ ಒಂದೇ ಜಾಗದಲ್ಲಿ ನಿಲ್ಲುತ್ತಿದ್ದರೆ ಆ ಸಿಡಿ ಅಥವಾ ಆ ಗೇಮಿನ ಫೈಲು. ಗೇಮ್ ಹಾಕದೆ ಮೆನುವಿನಲ್ಲೇ ನಿಂತರೆ ಹಾರ್ಡ್ ಡಿಸ್ಕ್ ಮೇಲೆ ಅನುಮಾನ ಪಡಿ. ಗೇಮ್ ಯಾವುದೇ ಇರಲಿ, ದಿನದ ಒಂದೇ ಹೊತ್ತಿನಲ್ಲಿ ನಿಲ್ಲುತ್ತಿದ್ದರೆ ಕರೆಂಟು.

ನನ್ನ ಹಾಳೆಯಲ್ಲಿ ಬಂದದ್ದು ಸಂಜೆ ಆರೂವರೆಯಿಂದ ಎಂಟು. ಅದು ಜನವರಿ ತಿಂಗಳು, ಕಾಫಿ ಕೊಯ್ಲಿನ ಕಾಲ. ಪಕ್ಕದ ತೋಟದಲ್ಲಿ ಹಗಲು ಕೊಯ್ದ ಹಣ್ಣನ್ನು ಸಂಜೆ ಪಲ್ಪರಿಗೆ, ಅಂದರೆ ಹಣ್ಣಿನ ಸಿಪ್ಪೆ ಬಿಡಿಸುವ ಯಂತ್ರಕ್ಕೆ ಹಾಕುತ್ತಾರೆ. ಆ ಮೋಟರ್ ಶುರುವಾದ ಕ್ಷಣ ನಮ್ಮ ಮನೆಯ ಬಲ್ಬು ಒಮ್ಮೆ ಮಂಕಾಗುತ್ತಿತ್ತು. ಕನ್ಸೋಲ್ ನಿಲ್ಲುತ್ತಿದ್ದದ್ದೂ ಆಗಲೇ. ಎಷ್ಟೋ ತಿಂಗಳು ಇದು ನನ್ನ ಕಣ್ಣ ಮುಂದೆಯೇ ಇತ್ತು. ಬರೆದಿಟ್ಟ ಮೇಲೆ ಕಾಣಿಸಿತು.

ಸೇವ್‌ಗಳನ್ನು ಈಗಲೇ ಹೊರಗೆ ತೆಗೆಯಿರಿ

ಏನೇ ರಿಪೇರಿಗೆ ಕೈ ಹಾಕುವ ಮೊದಲು ಇದು ಆಗಬೇಕು. ಕನ್ಸೋಲ್ ಹೇಗೂ ಸಿಗುತ್ತದೆ, ಸೇವ್ ಸಿಗುವುದಿಲ್ಲ.

ಒಂದು ಪೆನ್‌ಡ್ರೈವ್ ತೆಗೆದುಕೊಳ್ಳಿ. ಅದು ಫ್ಯಾಟ್32 (FAT32) ಎಂಬ ಬಗೆಯಲ್ಲಿ ಫಾರ್ಮ್ಯಾಟ್ ಆಗಿರಬೇಕು. ಬೇರೆ ಬಗೆಯಲ್ಲಿ ಫಾರ್ಮ್ಯಾಟ್ ಆದದ್ದನ್ನು ಪಿಎಸ್3 ಗುರುತಿಸುವುದಿಲ್ಲ. ಕನ್ಸೋಲಿಗೆ ಹಾಕಿ, ಗೇಮ್ ಸಾಲಿನಲ್ಲಿ ಸೇವ್ಡ್ ಡೇಟಾ ಯುಟಿಲಿಟಿಗೆ ಹೋಗಿ. ಒಂದು ಸೇವ್ ಮೇಲೆ ನಿಂತು ತ್ರಿಕೋನದ ಬಟನ್ ಒತ್ತಿದರೆ ಕಾಪಿ ಅಂತ ಬರುತ್ತದೆ. ಮುಖ್ಯವಾದವುಗಳನ್ನು ಮೊದಲು ಮಾಡಿ. ನಡುವೆ ಹ್ಯಾಂಗ್ ಆದರೂ ಅಷ್ಟಾದರೂ ಉಳಿಯುತ್ತದೆ.

ಕೆಲವು ಗೇಮ್‌ಗಳ ಸೇವ್ ಹೀಗೆ ಕಾಪಿ ಆಗುವುದಿಲ್ಲ, ಬೀಗ ಹಾಕಿರುತ್ತಾರೆ. ಅವಕ್ಕೆ ಸೆಟ್ಟಿಂಗ್ಸ್‌ನಲ್ಲಿ ಸಿಸ್ಟಮ್ ಸೆಟ್ಟಿಂಗ್ಸ್, ಅದರೊಳಗೆ ಬ್ಯಾಕಪ್ ಯುಟಿಲಿಟಿ ಇದೆ. ಹಾರ್ಡ್ ಡಿಸ್ಕಿನಲ್ಲಿ ಇರುವುದೆಲ್ಲ ಹೋಗುವಷ್ಟು ದೊಡ್ಡ ಯುಎಸ್‌ಬಿ ಡಿಸ್ಕ್ ಬೇಕು, ಸಮಯವೂ ಬೇಕು. ಬೀಗದ ಸೇವ್‌ಗಳು ಅದೇ ಕನ್ಸೋಲಿಗೆ ಮಾತ್ರ ವಾಪಸ್ ಹೋಗುತ್ತವೆ, ಬೇರೆ ಕನ್ಸೋಲಿಗೆ ಹೋಗುವುದಿಲ್ಲ. ಈ ಕೆಲಸವನ್ನು ಮಳೆ ಗಾಳಿ ಇಲ್ಲದ ದಿನ ಮಾಡಿ. ಅರ್ಧದಲ್ಲಿ ಕರೆಂಟು ಹೋದರೆ ಮತ್ತೆ ಮೊದಲಿಂದ.

ಕರೆಂಟು

ನಮ್ಮಲ್ಲಿ ಹ್ಯಾಂಗ್ ಆಗುವುದಕ್ಕೂ ಕರೆಂಟಿಗೂ ಎರಡು ದಾರಿಯ ಸಂಬಂಧ ಇದೆ.

ಮೊದಲನೆಯದು ಆ ಕ್ಷಣದ ಏಟು. ಮನೆಗೆ ಬರಬೇಕಾದ ವೋಲ್ಟೇಜ್ 230. ಉದ್ದ ಲೈನಿನ ಕೊನೆಯ ಮನೆಗೆ, ಅದೂ ಮೋಟರ್ ಓಡುವಾಗ, ಅಷ್ಟು ಬರುವುದಿಲ್ಲ. ಎಲೆಕ್ಟ್ರಿಷಿಯನ್ ಮನೆಗೆ ಬಂದಾಗ ಮಲ್ಟಿಮೀಟರ್ ಇಟ್ಟು ಸಂಜೆ ಹೊತ್ತು ಒಮ್ಮೆ ಅಳೆಸಿ. ಸುಮ್ನೆ ನೀವೇ ಪ್ಲಗ್ಗಿಗೆ ಕಡ್ಡಿ ತೂರಿಸಲು ಹೋಗಬೇಡಿ. ಸದಾ ಕಡಿಮೆ ಇದ್ದರೆ ಟಿವಿಗೆ ಹಾಕುವ ಸ್ಟೆಬಿಲೈಜರ್ ಸಾಕು. ಟಿವಿ, ಕನ್ಸೋಲ್ ಎರಡೂ ಸೇರಿದ ಲೋಡಿಗೆ ಅದು ತಡೆಯುತ್ತದಾ ಅಂತ ಅಂಗಡಿಯಲ್ಲಿ ಕೇಳಿಯೇ ಕೊಳ್ಳಿ.

ಎರಡನೆಯದು ನಿಧಾನಕ್ಕೆ ಕಾಡುವ ತೊಂದರೆ. ಕನ್ಸೋಲ್ ಹಾರ್ಡ್ ಡಿಸ್ಕಿಗೆ ಏನನ್ನೋ ಬರೆಯುತ್ತಿರುವಾಗ ಕರೆಂಟು ಹೋದರೆ ಆ ಬರಹ ಅರ್ಧಕ್ಕೆ ನಿಲ್ಲುತ್ತದೆ. ಯಾವ ಫೈಲು ಎಲ್ಲಿದೆ ಎಂಬ ಲೆಕ್ಕ ತಪ್ಪುತ್ತದೆ. ಒಂದು ಸಲ ಆದರೆ ಗೊತ್ತೇ ಆಗುವುದಿಲ್ಲ. ಜೂನಿನಿಂದ ಸೆಪ್ಟೆಂಬರ್‌ವರೆಗೆ ದಿನಕ್ಕೆ ಎರಡು ಮೂರು ಸಲ ಹೀಗಾದರೆ? ಮಳೆಗಾಲ ಮುಗಿಯುವ ಹೊತ್ತಿಗೆ ಮೆನು ತೆರೆಯಲೇ ತಿಣುಕಾಡುತ್ತದೆ. ನನ್ನ ಕನ್ಸೋಲಿನ ಮೊದಲ ಕಾಯಿಲೆ ಇದೇ ಆಗಿತ್ತು ಅಂತ ಈಗ ಅರ್ಥವಾಗುತ್ತದೆ.

ಇದಕ್ಕೆ ಸ್ಟೆಬಿಲೈಜರ್ ಉಪಯೋಗವಿಲ್ಲ, ಯುಪಿಎಸ್ ಬೇಕು. ಕಂಪ್ಯೂಟರಿಗೆ ಹಾಕುವ ಯುಪಿಎಸ್ ಸಾಕು. ಆಟ ಮುಂದುವರಿಸಲಿಕ್ಕಲ್ಲ, ಸೇವ್ ಮಾಡಿ ಸರಿಯಾಗಿ ಆರಿಸಲು ಐದು ನಿಮಿಷ ಸಿಗಲಿಕ್ಕೆ. ಮನೆಯಲ್ಲಿ ಇನ್ವರ್ಟರ್ ಇದ್ದರೆ ಅದು ಸೈನ್ ವೇವ್ ಹೌದಾ ಅಂತ ನೋಡಿ. ಹಳೆಯ ಸ್ಕ್ವೇರ್ ವೇವ್ ಇನ್ವರ್ಟರಿನಲ್ಲಿ ಕನ್ಸೋಲ್ ಓಡಿಸಬೇಡಿ.

ಗುಡುಗು ಮಿಂಚಿನ ಬಗ್ಗೆ ಒಂದು ಮಾತು. ನಮ್ಮ ಕಡೆ ಮುಂಗಾರಿಗಿಂತ ಏಪ್ರಿಲ್, ಮೇ ತಿಂಗಳ ಮಳೆಯಲ್ಲಿ ಸಿಡಿಲು ಜಾಸ್ತಿ ಅಲ್ವಾ. ಆಗ ಸ್ವಿಚ್ ಆರಿಸಿದರೆ ಸಾಲದು, ಪ್ಲಗ್ ಕೀಳಬೇಕು. ಡಿಶ್ ಕೇಬಲನ್ನೂ ಕೀಳಬೇಕು. ಡಿಶ್ಶಿನಿಂದ ಸೆಟ್‌ಟಾಪ್ ಬಾಕ್ಸ್, ಅಲ್ಲಿಂದ ಟಿವಿ, ಟಿವಿಯಿಂದ ಎಚ್‌ಡಿಎಂಐ ಕೇಬಲ್ ಹಿಡಿದು ಏಟು ಕನ್ಸೋಲಿಗೆ ಬರಬಹುದು. ಕಪ್ಪು ಮೋಡ ಕಂಡ ಕೂಡಲೇ ಕೀಳಿ. ಗುಡುಗು ತಲೆ ಮೇಲೆ ಬಂದ ಮೇಲೆ ತಂತಿ ಮುಟ್ಟಲು ಹೋಗಬೇಡಿ.

ತಣ್ಣನೆ ಊರಲ್ಲಿ ಬಿಸಿ ಹೇಗೆ?

ಇದನ್ನು ಎಲ್ಲರೂ ಕೇಳುತ್ತಾರೆ. ಮಡಿಕೇರಿ ಸಮುದ್ರ ಮಟ್ಟದಿಂದ 1,100 ಮೀಟರಿಗಿಂತ ಎತ್ತರದಲ್ಲಿದೆ, ಜುಲೈಯಲ್ಲಿ ಸ್ವೆಟರ್ ಬಿಚ್ಚುವ ಹಾಗಿಲ್ಲ, ಇಲ್ಲಿ ಕನ್ಸೋಲ್ ಬಿಸಿಯಾಗುತ್ತದಾ ಅಂತ. ಆಗುತ್ತದೆ. ಕೋಣೆ ತಣ್ಣಗಿದ್ದರೂ ಗಾಳಿ ಓಡದಿದ್ದರೆ ಒಳಗಿನ ಬಿಸಿ ಹೊರಗೆ ಹೋಗುವುದಿಲ್ಲ. ನಾವು ತಂಡಿಗೆ ಹೆದರಿ ಕನ್ಸೋಲನ್ನು ಗೋಡೆ ಬೀರುವಿನಲ್ಲಿ ಇಟ್ಟು ಬಾಗಿಲು ಹಾಕುತ್ತೇವೆ. ಮೇಲೊಂದು ಬಟ್ಟೆ ಬೇರೆ ಹೊದಿಸುತ್ತೇವೆ. ಅಲ್ಲೇ ತೊಂದರೆ.

ಧೂಳೂ ನಮ್ಮದು ಬೇರೆ ಥರ. ಬೇಸಿಗೆಯಲ್ಲಿ ಕಾಫಿ ಕಣದ ಧೂಳು ಒಳಗೆ ಹೋಗುತ್ತದೆ. ಸೌದೆ ಒಲೆಯ ಹೊಗೆಯ ಜಿಡ್ಡು ಅದರ ಮೇಲೆ ಕೂರುತ್ತದೆ. ಮಳೆಗಾಲದ ತೇವ ಎರಡನ್ನೂ ಸೇರಿಸಿ ಅಂಟಿನಂತೆ ಮಾಡುತ್ತದೆ. ಊದಿದರೆ ಹೋಗುವ ಧೂಳಲ್ಲ ಅದು.

ಮೊದಲು ಜಾಗ ಬದಲಿಸಿ. ಸುತ್ತಲೂ ಒಂದು ಗೇಣು ಜಾಗ ಬಿಡಿ. ಜಮಖಾನದ ಮೇಲಲ್ಲ, ಗಟ್ಟಿ ಹಲಗೆಯ ಮೇಲೆ ಇಡಿ. ಬಚ್ಚಲ ಕಡೆಯ ಗೋಡೆಗೆ ತಾಗಿಸಬೇಡಿ.

ಆಮೇಲೆ ಹೊರಗಿನಿಂದ ಶುಚಿ ಮಾಡಿ. ಪ್ಲಗ್ ಕಿತ್ತು ಅರ್ಧ ಗಂಟೆ ಬಿಡಿ. ಗಾಳಿ ಕಿಂಡಿಗಳ ಮೇಲೆ ಒಣ ಪೇಂಟಿಂಗ್ ಬ್ರಷ್ ಆಡಿಸಿ, ವ್ಯಾಕ್ಯೂಮ್ ಇದ್ದರೆ ಎಳೆಯಿರಿ. ಬ್ಲೋವರ್ ಇದ್ದರೆ ದೂರದಿಂದ, ಸ್ವಲ್ಪ ಸ್ವಲ್ಪವೇ ಊದಿ. ಪಂಕ್ಚರ್ ಅಂಗಡಿಗೆ ಕೊಂಡೊಯ್ದು ಕಂಪ್ರೆಸರ್ ಗಾಳಿ ಹೊಡೆಸುವವರಿದ್ದಾರೆ. ದಯವಿಟ್ಟು ಬೇಡ. ಆ ಗಾಳಿಯ ಜೊತೆ ನೀರಿನ ಹನಿ, ಎಣ್ಣೆ ಎರಡೂ ಬರುತ್ತವೆ. ಮಳೆಗಾಲದಲ್ಲಂತೂ ಟ್ಯಾಂಕಿನಲ್ಲಿ ನೀರು ನಿಂತೇ ಇರುತ್ತದೆ.

ಫ್ಯಾನ್ ಸರಿಯಿದೆಯಾ ನೋಡಲು ಒಂದು ಉಪಾಯ ಇದೆ. ಫ್ಯಾಟ್ ಮಾಡೆಲ್, ಅಂದರೆ ಮೊದಲು ಬಂದ ದಪ್ಪನೆಯದು ಆದರೆ ಹಿಂದಿನ ಸ್ವಿಚ್ ಆರಿಸಿ, ಮುಂದಿನ ಎಜೆಕ್ಟ್ ಬಟನ್ ಒತ್ತಿ ಹಿಡಿದುಕೊಂಡೇ ಆ ಸ್ವಿಚ್ ಹಾಕಿ. ಸ್ಲಿಮ್‌ನಲ್ಲಿ ಹಿಂದೆ ಸ್ವಿಚ್ ಇಲ್ಲ, ಎಜೆಕ್ಟ್ ಹಿಡಿದುಕೊಂಡು ಗೋಡೆಯ ಸ್ವಿಚ್ ಹಾಕಬೇಕು. ಫ್ಯಾನ್ ಪೂರ್ತಿ ವೇಗದಲ್ಲಿ ಸ್ವಲ್ಪ ಹೊತ್ತು ತಿರುಗಿ ತಾನಾಗಿ ನಿಲ್ಲುತ್ತದೆ. ಹಿಂದಿನ ಕಿಂಡಿಗೆ ಕೈ ಹಿಡಿಯಿರಿ. ಸದ್ದು ಜೋರಾಗಿದ್ದು ಗಾಳಿ ಸಣ್ಣದಾಗಿ ಬಂದರೆ ಒಳಗೆ ಧೂಳು ಕಟ್ಟಿದೆ. ಕರಕರ ಸದ್ದು ಬಂದರೆ ಫ್ಯಾನೇ ಸವೆದಿದೆ.

ಸಿಡಿ ಮತ್ತು ಗೇಮ್ ಫೈಲು

ಇದು ಚಿಕ್ಕ ಕೆಲಸ. ಒಂದೇ ಗೇಮ್ ತೊಂದರೆ ಕೊಡುತ್ತಿದ್ದರೆ ಬೆಳಕಿಗೆ ಹಿಡಿದು ಸಿಡಿ ನೋಡಿ. ಮಳೆಗಾಲದಲ್ಲಿ ಕವರಿನಲ್ಲೇ ಬೂಷ್ಟು ಹಿಡಿದಿರುತ್ತದೆ. ಮೆತ್ತನೆ ಹತ್ತಿ ಬಟ್ಟೆಯಿಂದ ನಡುವಿನಿಂದ ಅಂಚಿಗೆ ನೇರವಾಗಿ ಒರೆಸಿ, ಸುತ್ತ ಸುತ್ತ ಒರೆಸಬೇಡಿ. ಪಿಎಸ್3 ಗೇಮ್‌ಗಳು ಬ್ಲೂ-ರೇ ಡಿಸ್ಕಿನವು. ಮಾಹಿತಿ ಇರುವ ಪದರ ಮೇಲ್ಮೈಯಿಂದ ಬರೀ 0.1 ಮಿಲಿಮೀಟರ್ ಒಳಗಿದೆ. ಹಳೆಯ ಸಿಡಿಗಳಿಗೆ ಮಾಡುತ್ತಿದ್ದ ಹಾಗೆ ಟೂತ್‌ಪೇಸ್ಟ್ ಹಚ್ಚಿ ಉಜ್ಜಲೇಬೇಡಿ.

ಸಿಡಿ ಚೆನ್ನಾಗಿದ್ದರೆ ಗೇಮ್ ಡೇಟಾ ಯುಟಿಲಿಟಿಗೆ ಹೋಗಿ ಆ ಗೇಮಿನ ಡೇಟಾ ಅಳಿಸಿ ಮತ್ತೆ ಇನ್‌ಸ್ಟಾಲ್ ಮಾಡಿ. ಸೇವ್ ಇರುವ ಜಾಗ ಬೇರೆ, ಗೇಮ್ ಡೇಟಾ ಇರುವ ಜಾಗ ಬೇರೆ. ಆದರೂ ಕೆಲವು ಗೇಮ್‌ಗಳು ಎರಡನ್ನೂ ಒಂದರಲ್ಲೇ ಇಡುತ್ತವೆ. ಅದಕ್ಕೇ ಮೊದಲು ಬ್ಯಾಕಪ್ ಅಂದದ್ದು.

ಸೇಫ್ ಮೋಡ್

ಮೆನುವಿನಲ್ಲೇ ನಿಲ್ಲುವ ಕನ್ಸೋಲಿಗೆ ಇದು ದೊಡ್ಡ ಔಷಧಿ. ಸಮಾಧಾನದಿಂದ ಮಾಡಿ.

ಕನ್ಸೋಲ್ ಆರಿರಲಿ, ಮುಂದೆ ಕೆಂಪು ದೀಪ ಇರಲಿ. ಪವರ್ ಬಟನ್ ಒತ್ತಿ ಹಿಡಿಯಿರಿ. ಒಂದು ಬೀಪ್ ಬರುತ್ತದೆ, ಆನ್ ಆಗುತ್ತದೆ. ಕೈ ಬಿಡಬೇಡಿ. ಹಿಡಿದೇ ಇದ್ದರೆ ಸ್ವಲ್ಪ ಹೊತ್ತಿಗೆ ತಾನೇ ಆರುತ್ತದೆ. ಈಗ ಬಿಡಿ. ಮತ್ತೆ ಒತ್ತಿ ಹಿಡಿಯಿರಿ. ಮೊದಲು ಒಂದು ಬೀಪ್, ಸ್ವಲ್ಪ ಹೊತ್ತಿಗೆ ಇನ್ನೊಂದು ಬೀಪ್, ಆಮೇಲೆ ಬೇಗ ಬೇಗ ಎರಡು ಬೀಪ್. ಆ ಜೋಡಿ ಬೀಪ್ ಕೇಳಿದ ತಕ್ಷಣ ಕೈ ತೆಗೆಯಿರಿ. ಕಂಟ್ರೋಲರನ್ನು ಯುಎಸ್‌ಬಿ ಕೇಬಲಿನಲ್ಲಿ ಸೇರಿಸಿ ಪಿಎಸ್ ಬಟನ್ ಒತ್ತಿ ಅಂತ ಪರದೆ ಮೇಲೆ ಬರುತ್ತದೆ. ನನಗೆ ಇದು ಮೂರನೇ ಸಲಕ್ಕೆ ಸಿಕ್ಕಿತು. ನಿಮಗೂ ಮೊದಲ ಸಲಕ್ಕೆ ಸಿಗದಿದ್ದರೆ ಬೇಸರ ಬೇಡ.

ಆರು ಸಾಲು ಕಾಣುತ್ತವೆ. ನಮಗೆ ಬೇಕಾದದ್ದು ಮೂರನೆಯದು ಮತ್ತು ನಾಲ್ಕನೆಯದು. ಮೂರನೆಯದು ರಿಸ್ಟೋರ್ ಫೈಲ್ ಸಿಸ್ಟಮ್. ಕರೆಂಟು ಹೋಗಿ ಲೆಕ್ಕ ತಪ್ಪಿದೆ ಅಂದೆನಲ್ಲ, ಅದನ್ನು ಇದು ಸರಿ ಮಾಡುತ್ತದೆ. ಮೊದಲು ಇದನ್ನೇ ಮಾಡಿ, ಒಂದು ದಿನ ಆಡಿ ನೋಡಿ. ಸಾಲದಿದ್ದರೆ ಮತ್ತೆ ಬಂದು ನಾಲ್ಕನೆಯದನ್ನು, ರೀಬಿಲ್ಡ್ ಡೇಟಾಬೇಸ್ ಅನ್ನು ಒತ್ತಿ. ಇದರಲ್ಲಿ ಮೆಸೇಜುಗಳು, ಪ್ಲೇಲಿಸ್ಟ್‌ಗಳು ಹೋಗುತ್ತವೆ. ಸೇವ್ ಉಳಿಯುತ್ತದೆ. ಡಿಸ್ಕ್ ತುಂಬಿದ್ದರೆ ಗಂಟೆಗಟ್ಟಲೆ ಹಿಡಿಯಬಹುದು. ನಿಂತಿದೆ ಅಂದುಕೊಂಡು ನಡುವೆ ಆರಿಸಬೇಡಿ.

ಐದನೆಯ ಸಾಲಿನಿಂದ ದೂರ ಇರಿ. ರಿಸ್ಟೋರ್ ಪಿಎಸ್3 ಸಿಸ್ಟಮ್ ಅಂತ ಅದರ ಹೆಸರು. ಮೂರನೆಯದರ ಹಾಗೇ ಕೇಳಿಸುತ್ತದೆ, ಆದರೆ ಎಲ್ಲವನ್ನೂ ಅಳಿಸುತ್ತದೆ. ನನ್ನ ಸೇವ್‌ಗಳನ್ನು ನುಂಗಿದ್ದು ಇದೇ.

ಇನ್ನು ಮುಂದೆ ಕರೆಂಟು ಹೋಗಿ ಬಂದ ಮೇಲೆ ಆನ್ ಮಾಡಿದಾಗ ಹಾರ್ಡ್ ಡಿಸ್ಕ್ ಪರೀಕ್ಷೆ ಮಾಡಬೇಕು ಅಂತ ಕನ್ಸೋಲೇ ಕೇಳಿದರೆ ಮಾಡಲು ಬಿಡಿ. ಆಡುವ ಆತುರದಲ್ಲಿ ಅದನ್ನು ದಾಟಿಸಬೇಡಿ.

ಹಾರ್ಡ್ ಡಿಸ್ಕ್ ಬದಲಿಸುವುದು

ಸೇಫ್ ಮೋಡ್ ಮಾಡಿದ ಎರಡು ವಾರಕ್ಕೆ ಮತ್ತೆ ಅದೇ ಕಥೆ ಆದರೆ, ಅಥವಾ ಒಳಗಿನಿಂದ ಟಿಕ್ ಟಿಕ್ ಸದ್ದು ಬಂದರೆ, ಡಿಸ್ಕ್ ಮುಗಿದಿದೆ. ಹೆದರಬೇಕಿಲ್ಲ. ಇದು ಲ್ಯಾಪ್‌ಟಾಪಿನಲ್ಲಿ ಇರುವಂಥದ್ದೇ, ಎರಡೂವರೆ ಇಂಚಿನ ಸಾಟಾ ಡಿಸ್ಕ್. ದಪ್ಪ 9.5 ಮಿಲಿಮೀಟರ್ ದಾಟಬಾರದು. ಎಸ್‌ಎಸ್‌ಡಿ ಕೂಡ ಹಾಕಬಹುದು. ವೇಗ ಬಹಳ ಹೆಚ್ಚುವುದಿಲ್ಲ, ಆದರೆ ತಿರುಗುವ ಭಾಗ ಇಲ್ಲ, ಬಿಸಿ ಕಡಿಮೆ. ನಾನಂತೂ ಅದನ್ನೇ ಹಾಕಿದ್ದೇನೆ.

ಇದಕ್ಕೆ ಕನ್ಸೋಲನ್ನು ಪೂರ್ತಿ ಬಿಚ್ಚಬೇಕಿಲ್ಲ. ಸ್ಲಿಮ್‌ನಲ್ಲಿ ಅಡಿಭಾಗದ ಮುಂದಿನ ಮುಚ್ಚಳ ತೆಗೆದರೆ ಒಂದು ನೀಲಿ ಸ್ಕ್ರೂ ಸಿಗುತ್ತದೆ. ಅದನ್ನು ತೆಗೆದು ಡಿಸ್ಕ್ ಎಳೆದರೆ ಬರುತ್ತದೆ. ಸ್ಕ್ರೂ ಗಟ್ಟಿಯಾಗಿ ಕಚ್ಚಿರುತ್ತದೆ, ಸರಿಯಾದ ಅಳತೆಯ ಸ್ಕ್ರೂಡ್ರೈವರ್ ಇಲ್ಲದೆ ತಿರುಗಿಸಿದರೆ ತಲೆ ಸವೆಯುತ್ತದೆ.

ಹೊಸ ಡಿಸ್ಕ್ ಹಾಕಿದಾಗ ಸಿಸ್ಟಮ್ ಸಾಫ್ಟ್‌ವೇರ್ ಮತ್ತೆ ಬೇಕಾಗುತ್ತದೆ. ಅದನ್ನು ಪ್ಲೇಸ್ಟೇಷನ್ ವೆಬ್‌ಸೈಟಿನಿಂದ ಕಂಪ್ಯೂಟರಿಗೆ ಮೊದಲೇ ಇಳಿಸಿಕೊಳ್ಳಿ. ಪೆನ್‌ಡ್ರೈವಿನಲ್ಲಿ ಪಿಎಸ್3 ಅಂತ ಒಂದು ಫೋಲ್ಡರ್, ಅದರೊಳಗೆ ಅಪ್‌ಡೇಟ್ ಅಂತ ಇನ್ನೊಂದು, ಅದರೊಳಗೆ ಆ ಫೈಲು. ಎರಡು ಫೋಲ್ಡರಿನ ಹೆಸರೂ ಇಂಗ್ಲಿಷಿನ ದೊಡ್ಡಕ್ಷರದಲ್ಲಿರಬೇಕು. ಹಳೆಯ ಡಿಸ್ಕಿನ ಸೇವ್‌ಗಳನ್ನು ಕಂಪ್ಯೂಟರಿಗೆ ಸೇರಿಸಿ ತೆಗೆಯೋಣ ಅಂದುಕೊಳ್ಳಬೇಡಿ. ಪ್ರತಿ ಕನ್ಸೋಲೂ ತನ್ನ ಡಿಸ್ಕಿಗೆ ತನ್ನದೇ ಬೀಗ ಹಾಕಿರುತ್ತದೆ.

ರಿಪೇರಿಗೆ ಕೊಡುವಾಗ

ಬಿಸಿಯ ತೊಂದರೆ ಹೊರಗಿನ ಶುಚಿಯಿಂದ ಹೋಗದಿದ್ದರೆ ಒಳಗಿನ ಥರ್ಮಲ್ ಪೇಸ್ಟ್ ಬದಲಿಸಬೇಕು. ಕೈ ಪಳಗಿದವರು ಮನೆಯಲ್ಲೇ ಮಾಡಬಹುದು. ಲ್ಯಾಪ್‌ಟಾಪ್ ಒಂದನ್ನೂ ಬಿಚ್ಚದವರು ಇದರಿಂದ ಶುರು ಮಾಡುವುದು ಬೇಡ. ಒಳಗಿನ ಪಟ್ಟಿ ಕೇಬಲ್‌ಗಳು ಬಹಳ ನಾಜೂಕು. ಪವರ್ ಸಪ್ಲೈ ಡಬ್ಬಿಯನ್ನಂತೂ ಯಾರೂ ಬಿಚ್ಚಬಾರದು, ಪ್ಲಗ್ ಕಿತ್ತ ಮೇಲೂ ಅದರಲ್ಲಿ ಏಟು ಕೊಡುವಷ್ಟು ಕರೆಂಟು ಉಳಿದಿರುತ್ತದೆ.

ಅಂಗಡಿಯವರಿಗೆ ಮೂರು ಮಾತು ಬಾಯಲ್ಲಿ ಹೇಳಿ, ಚೀಟಿಯಲ್ಲೂ ಬರೆದು ಅಂಟಿಸಿ. ಕೇಳದೆ ಫಾರ್ಮ್ಯಾಟ್ ಮಾಡಬೇಡಿ. ಸಿಡಿ ಡ್ರೈವ್ ಬದಲಿಸುವುದಾದರೆ ಹಳೆಯ ಡ್ರೈವಿನ ಬೋರ್ಡನ್ನೇ ಉಳಿಸಿ, ಏಕೆಂದರೆ ಆ ಬೋರ್ಡು ಈ ಕನ್ಸೋಲಿಗೇ ಜೋಡಿಯಾದದ್ದು, ಬೇರೆಯದರಲ್ಲಿ ಗೇಮ್ ಓಡುವುದಿಲ್ಲ. ಬಿಸಿ ಗಾಳಿ ಊದುವ ಹಾಟ್ ಗನ್ನಿನಲ್ಲಿ ಬೋರ್ಡ್ ಕಾಯಿಸಬೇಡಿ. ಆನ್ ಮಾಡಿದಾಗ ಹಳದಿ ದೀಪ ಒಂದು ಕ್ಷಣ ಬಂದು, ಮೂರು ಬೀಪ್ ಆಗಿ, ಕೆಂಪು ದೀಪ ಮಿಣುಕುವ ಕನ್ಸೋಲ್‌ಗಳನ್ನು ಹಾಗೆ ಕಾಯಿಸಿ ಕೊಡುವವರಿದ್ದಾರೆ. ಕೆಲವು ವಾರ ಓಡಿ ಮತ್ತೆ ನಿಲ್ಲುತ್ತದೆ. ಆ ಕೆಲವು ವಾರವನ್ನು ಸೇವ್ ತೆಗೆಯಲು ಬಳಸಿಕೊಳ್ಳಬಹುದು, ಅಷ್ಟೇ. ನಿಮ್ಮ ವಾರದ ಹಾಳೆಯನ್ನೂ ಕೊಡಿ. ಒಳ್ಳೆಯ ಮೆಕ್ಯಾನಿಕ್ ಅದನ್ನು ಓದಿ ನೋಡುತ್ತಾರೆ.

ಕಕ್ಕಡದ ತಿಂಗಳಲ್ಲಿ

ಜುಲೈ ನಡುವಿನಿಂದ ಆಗಸ್ಟ್ ನಡುವಿನವರೆಗೆ, ಕಕ್ಕಡದ ಮಳೆಯಲ್ಲಿ, ಚಪ್ಪಲಿಗೂ ಬೂಷ್ಟು, ಬೆಲ್ಟಿಗೂ ಬೂಷ್ಟು. ಕನ್ಸೋಲಿಗೆ ಮಾತ್ರ ಏನೂ ಆಗದು ಅಂದುಕೊಳ್ಳಬಾರದು. ಒಳಗೆ ತೇವ ಕೂತರೆ ಕನೆಕ್ಟರ್‌ಗಳು ಕಿಲುಬು ಹಿಡಿಯುತ್ತವೆ. ಬಳಸದೆ ಬಿಡುವುದೇ ಇದಕ್ಕೆ ದೊಡ್ಡ ಶತ್ರು. ವಾರಕ್ಕೆ ಎರಡು ಸಲ, ಕರೆಂಟು ಚೆನ್ನಾಗಿರುವ ಹೊತ್ತು ನೋಡಿ, ಅರ್ಧ ಗಂಟೆ ಓಡಿಸಿ. ಅದರ ಬಿಸಿಗೇ ಒಳಗಿನ ತೇವ ಆರುತ್ತದೆ. ಒಲೆಯ ಹತ್ತಿರ ಬಟ್ಟೆ ಒಣಗಿಸುವ ಹಾಗೆ ಅಲ್ಲಿ ಇಡಬೇಡಿ, ಹೊಗೆಯ ಜಿಡ್ಡು ಒಳಗೆ ಹೋಗುತ್ತದೆ.

ತಿಂಗಳುಗಟ್ಟಲೆ ಆಡುವುದೇ ಇಲ್ಲ ಅಂದರೆ, ಬಿಸಿಲು ಬಿದ್ದ ಒಣ ದಿನ ನೋಡಿ ಒಂದು ಗಂಟೆ ಓಡಿಸಿ, ಪೂರ್ತಿ ತಣಿದ ಮೇಲೆ ಗಾಳಿಯಾಡದ ಮುಚ್ಚಳದ ಪ್ಲಾಸ್ಟಿಕ್ ಡಬ್ಬಿಯಲ್ಲಿ ಸಿಲಿಕಾ ಜೆಲ್ ಪೊಟ್ಟಣಗಳ ಜೊತೆ ಇಡಿ. ಜೆಲ್‌ನ ಬಣ್ಣ ಬದಲಾದರೆ ಅದು ನೀರು ಕುಡಿದು ಮುಗಿದಿದೆ ಅಂತ ಅರ್ಥ, ಹೊಸದು ಹಾಕಿ. ನಮ್ಮದನ್ನು ನಾನು ಕೈಲ್ ಮುಹೂರ್ತ ಹಬ್ಬದ ಹೊತ್ತಿಗೆ, ಸೆಪ್ಟೆಂಬರ್ ಮೊದಲ ವಾರದಲ್ಲಿ ಹೊರಗೆ ತೆಗೆಯುತ್ತೇನೆ. ತೆಗೆದ ಕೂಡಲೇ ಆನ್ ಮಾಡುವುದಿಲ್ಲ. ಮುಚ್ಚಳ ತೆರೆದು ಕೋಣೆಯ ಗಾಳಿಗೆ ಮೂರು ನಾಲ್ಕು ಗಂಟೆ ಬಿಡುತ್ತೇನೆ. ಕಿಂಡಿಗಳಿಗೆ ಟಾರ್ಚ್ ಬಿಟ್ಟು ಇರುವೆ ಗೂಡು, ಹಲ್ಲಿ ಮೊಟ್ಟೆ ಇದೆಯಾ ನೋಡುತ್ತೇನೆ. ಆಮೇಲೆ ಯುಪಿಎಸ್ ಹಾಕಿ, ಗೇಮ್ ಇಲ್ಲದೆ ಹತ್ತು ನಿಮಿಷ ಮೆನುವಿನಲ್ಲೇ ಬಿಟ್ಟು, ಫ್ಯಾನಿನ ಸದ್ದು ಕೇಳಿಸಿಕೊಂಡು, ಅಣ್ಣನಿಗೆ ಫೋನ್ ಮಾಡುತ್ತೇನೆ.